ಟೈರಿನ ತಂತಿ, ಸೋರೆ ಬುರುಡೆ, ನಮ್ಮ ಮೆಸ್ತ್ರಿ

"ಒಂದು ಹಳೇ ಟೈರು ಹುಡುಕಿ ತಗೊಂಡು ಬಾ" ಅಂದರು ಮೆಸ್ತ್ರಿ.

ನಾನು ಅವರ ಹತ್ತಿರ ಕಪೋಯೆರಾ ಅನ್ನೋ, ಹೊಡೆದಾಟ ಕುಣಿತ ಎರಡೂ ಬೆರೆತ ಬ್ರೆಜಿಲಿನ ಆಟ ಕಲಿಯಲು ಸೇರಿ ಆಗ ನಾಲ್ಕು ತಿಂಗಳು. ಅಷ್ಟು ದಿನದಲ್ಲಿ ಬೆರಿಂಬಾವ್ ಅನ್ನೋ, ಬಿಲ್ಲಿನಂಥ ಒಂಟಿ ತಂತಿಯ ವಾದ್ಯವನ್ನು ಅವರು ಒಂದು ಸಲವೂ ನನ್ನ ಕೈಗೆ ಕೊಟ್ಟಿರಲಿಲ್ಲ. ಗೋಡೆಗೆ ಸಾಲಾಗಿ ಒರಗಿಸಿಟ್ಟ ಬಿಲ್ಲುಗಳನ್ನು ನೋಡುತ್ತಿದ್ದೆ, ಧೂಳು ಒರೆಸುತ್ತಿದ್ದೆ, ಅಷ್ಟೆ. ಕೊನೆಗೆ ಧೈರ್ಯ ಮಾಡಿ, "ನನಗೆ ನುಡಿಸಲು ಯಾವಾಗ ಕಲಿಸುತ್ತೀರಿ?" ಅಂತ ಕೇಳಿದೆ. ಅದಕ್ಕೆ ಬಂದ ಉತ್ತರ ಟೈರು.

ಊರು ಸಾಲ್ವಡಾರ್. ಬ್ರೆಜಿಲಿನ ಬಹಿಯಾ ರಾಜ್ಯದ ರಾಜಧಾನಿ. 1763ರವರೆಗೆ ಇಡೀ ಬ್ರೆಜಿಲಿಗೇ ರಾಜಧಾನಿಯಾಗಿದ್ದ ಊರು. ಹತ್ತಿರದ ಕಮಸಾರಿಯ ಕೈಗಾರಿಕಾ ಪ್ರದೇಶದಲ್ಲಿ ನನ್ನ ಗಂಡನಿಗೆ ಕೆಲಸ ಸಿಕ್ಕಿತ್ತು. ಹಾಗಾಗಿ ಹದಿನಾಲ್ಕು ತಿಂಗಳು ಅಲ್ಲಿದ್ದೆವು. ಮನೆ ಮಾಡಿದ್ದು ಹಳೇ ಊರಿನ ಸಾಂತು ಅಂತೋನಿಯು ಬಡಾವಣೆಯಲ್ಲಿ, ಕಲ್ಲು ಹಾಸಿದ ಇಳಿಜಾರಿನ ಬೀದಿಯಲ್ಲಿ. ಶನಿವಾರ ಸಂಜೆ ಕೆಳಗಿನಿಂದ ಒಂದು ಸದ್ದು ಬರುತ್ತಿತ್ತು. ಏಕತಾರಿ ಮೀಟಿದ ಹಾಗೆ ಶುರುವಾಗಿ, ಯಾರೋ ಬಾಯಿ ತೆರೆದು ಮುಚ್ಚಿ ಮಾತಾಡಿದ ಹಾಗೆ ಮುಗಿಯುತ್ತಿತ್ತು. ಕಿಟಕಿಯಲ್ಲಿ ನಿಂತು ಕೇಳುತ್ತಿದ್ದೆ. ಮೂರನೇ ಶನಿವಾರ ಚಪ್ಪಲಿ ಮೆಟ್ಟಿಕೊಂಡು ಇಳಿದೇ ಬಿಟ್ಟೆ.

ಅದೊಂದು ಉದ್ದನೆಯ ಕೋಣೆ. ಸಿಮೆಂಟಿನ ನೆಲ. ಒಂದು ಬದಿಗೆ ಬೆಂಚು, ಬೆಂಚಿನ ಮೇಲೆ ಎಂಟು ಜನ ವಾದ್ಯ ಹಿಡಿದು ಕೂತಿದ್ದರು. ಅವರ ಎದುರಿಗೆ ಉಳಿದವರು ನೆಲದ ಮೇಲೆ ಸುತ್ತುಗಟ್ಟಿ ಕೂತಿದ್ದರು. ಈ ಸುತ್ತಿಗೇ ರೋದಾ ಅನ್ನುತ್ತಾರೆ. ನಡುವೆ ಇಬ್ಬರು, ನೆಲಕ್ಕೆ ಅಂಟಿಕೊಂಡ ಹಾಗೆ, ತಲೆ ಕೆಳಗೆ ಕಾಲು ಮೇಲೆ ಮಾಡುತ್ತಾ ಒಬ್ಬರ ಸುತ್ತ ಒಬ್ಬರು ತಿರುಗುತ್ತಿದ್ದರು. ಹೊಡೆದಾಟವೋ ಕುಣಿತವೋ ಗೊತ್ತಾಗಲಿಲ್ಲ. ಬೆಂಚಿನ ನಡುವೆ ದೊಡ್ಡ ಬುರುಡೆಯ ಬಿಲ್ಲು ಹಿಡಿದು ಕೂತಿದ್ದ ಮುದುಕರು ನನ್ನ ಕಡೆ ನೋಡಿ, ಗೋಡೆ ಪಕ್ಕದ ಸ್ಟೂಲನ್ನು ಗಲ್ಲದಲ್ಲೇ ತೋರಿಸಿದರು. ಕೂತೆ. ಮುಂದಿನ ಮೂರು ವಾರ ನನ್ನ ಕಲಿಕೆ ಆ ಸ್ಟೂಲಿನ ಮೇಲೆಯೇ ನಡೆಯಿತು. ನೋಡು, ಕೇಳು, ಚಪ್ಪಾಳೆ ಕೂಡ ಬೇಡ.

ಅವರನ್ನು ಎಲ್ಲರೂ ಕರೆಯುವುದು ಮೆಸ್ತ್ರಿ, ಅಂದರೆ ಗುರು, ಅಂತ. ಬರೆಯುವುದು ‘ಮೆಸ್ತ್ರೆ’ ಅಂತಿದ್ದರೂ ಬಹಿಯಾದವರ ಬಾಯಲ್ಲಿ ಅದು ಮೆಸ್ತ್ರಿಯೇ. ಮೊದಲ ಸಲ ಕೇಳಿದಾಗ ನನಗೆ ನಮ್ಮೂರಲ್ಲಿ ಮನೆ ಕಟ್ಟಿಸಿದ ದಿನ ನೆನಪಾಯಿತು. ಸೈಜುಗಲ್ಲಿನ ಮೇಲೆ ನಿಂತು ನೂಲು ಹಿಡಿದು ಗೋಡೆ ನೋಡುತ್ತಿದ್ದ ಮೇಸ್ತ್ರಿ. ಅದೇ ಪದ. ಪೋರ್ಚುಗೀಸರ ಹಡಗಿನಲ್ಲಿ ನಮ್ಮ ಕರಾವಳಿಗೆ ಬಂದು ಕನ್ನಡವಾಯಿತು. ಚಾವಿ, ಪಾದ್ರಿ ಬಂದ ಹಾಗೆಯೇ. ಇದನ್ನು ಅವರಿಗೆ ಹೇಳಿದೆ. "ನಮ್ಮಲ್ಲಿ ಗಾರೆ ಕೆಲಸದ ಮುಖ್ಯಸ್ಥನಿಗೆ ಮೇಸ್ತ್ರಿ ಅಂತೀವಿ." ಅವರು ಎದೆ ತಟ್ಟಿಕೊಂಡು ಜೋರಾಗಿ ನಕ್ಕರು. ಮೂವತ್ತು ವರ್ಷ ಅವರು ಮಾಡಿದ್ದು ಅದೇ ಕೆಲಸವಂತೆ. ಹಗಲು ಕಟ್ಟಡದ ಮೇಸ್ತ್ರಿ, ರಾತ್ರಿ ಕಪೋಯೆರಾದ ಮೆಸ್ತ್ರಿ. "ಹಾಗಾದರೆ ನಿಮ್ಮ ಊರಲ್ಲಿ ನಾನು ಎರಡು ಸಲ ಮೆಸ್ತ್ರಿ" ಅಂದರು. ಅವತ್ತಿನಿಂದ ನನ್ನನ್ನು ‘ಮಗಳೇ’ ಅಂತ ಕರೆಯಲು ಶುರು ಮಾಡಿದರು.

ಮೊದಲು ಕಲಿಸಿದ್ದು ಜಿಂಗಾ. ನಿಂತಲ್ಲೇ ತೂಗುವುದು. ಒಂದು ಕಾಲು ಹಿಂದೆ, ಮತ್ತೆ ಪಕ್ಕಕ್ಕೆ, ಇನ್ನೊಂದು ಕಾಲು ಹಿಂದೆ. ಎರಡು ತಿಂಗಳು ಇದೇ. ಜತೆಗೆ ನೆಗತೀವಾ, ಅಂದರೆ ಒದೆತದ ಕೆಳಗೆ ನೆಲಕ್ಕೆ ಇಳಿದು ತಪ್ಪಿಸಿಕೊಳ್ಳುವುದು. ಆಮೇಲೆ ರೋಲೆ, ನೆಲದ ಮೇಲೇ ಉರುಳಿ ಜಾಗ ಬದಲಿಸುವುದು. ಮೂವತ್ತೆಂಟು ವಯಸ್ಸಿನ ಸೊಂಟ, ಮಂಡಿ, ಮಣಿಕಟ್ಟು ಎಲ್ಲ ನೋಯುತ್ತಿದ್ದವು. ಇದು ಕಪೋಯೆರಾ ಅಂಗೋಲಾ. ಕೆಳಗಿನಿಂದ, ನಿಧಾನವಾಗಿ, ಎದುರಾಳಿಯ ಕಣ್ಣು ತಪ್ಪಿಸಿ ಆಡುವ ಹಳೇ ಬಗೆ. ಟಿವಿಯಲ್ಲಿ ಕಾಣುವ, ಗಾಳಿಯಲ್ಲಿ ಲಾಗ ಹಾಕುವ ವೇಗದ ಆಟಗಳ ಹಿಂದೆ ಜಾಸ್ತಿ ಇರುವುದು ಮೆಸ್ತ್ರಿ ಬಿಂಬಾ 1930ರ ಸುಮಾರಿಗೆ ಕಟ್ಟಿದ ರೆಜಿಯೋನಲ್ ಅನ್ನೋ ಇನ್ನೊಂದು ಬಗೆ. ಅದಕ್ಕೂ ನಮ್ಮ ಮೆಸ್ತ್ರಿ ಗೌರವ ಕೊಡುತ್ತಿದ್ದರು. ಕೀಳಾಗಿ ಮಾತಾಡಲು ಯಾರಿಗೂ ಬಿಡುತ್ತಿರಲಿಲ್ಲ.

ಟೈರಿನ ವಿಷಯಕ್ಕೆ ಬರುತ್ತೇನೆ.

ಪಂಕ್ಚರ್ ಅಂಗಡಿಯಿಂದ ಸವೆದ ಕಾರಿನ ಟೈರು ಸುಮ್ನೆ ಕೊಟ್ಟರು. ಯಾಕೆ ಅಂತ ಅವರಿಗೆ ಕೇಳುವ ಅಗತ್ಯವೇ ಬರಲಿಲ್ಲ. ಅಷ್ಟು ಜನ ಕಪೋಯೆರಾದವರು ಅಲ್ಲಿಗೆ ಹೋಗುತ್ತಾರೆ. ಟೈರಿನ ಒಳಬಾಯಿಯ ಅಂಚಿನಲ್ಲಿ, ರಿಮ್ಮನ್ನು ಕಚ್ಚಿಕೊಳ್ಳುವ ಕಡೆ, ರಬ್ಬರಿನೊಳಗೆ ಉಕ್ಕಿನ ತಂತಿ ಸುತ್ತು ಸುತ್ತಾಗಿ ಇರುತ್ತದೆ. ಬೆರಿಂಬಾವಿನ ತಂತಿ ಅದೇ. ಹರಿತವಾದ ಚಾಕುವಿನಿಂದ ರಬ್ಬರನ್ನು ಸೀಳುತ್ತಾ ಹೋಗಬೇಕು. ತಂತಿಯ ತುದಿ ಸಿಕ್ಕ ಮೇಲೆ ಇಕ್ಕಳದಲ್ಲಿ ಹಿಡಿದು ಎಳೆಯಬೇಕು. ಬಾಳೆಪಟ್ಟೆಯ ನಾರು ಬಿಡಿಸಿದ ಹಾಗೆ ಅಂದುಕೊಂಡಿದ್ದೆ. ಸುಲಭವಿರಲಿಲ್ಲ. ಎರಡು ಸಂಜೆ ಹಿಡಿಯಿತು. ಎಡಗೈಯ ಹೆಬ್ಬೆರಳ ಬುಡದಲ್ಲಿ ಕೊಯ್ದುಕೊಂಡೆ. ಮೆಸ್ತ್ರಿ ಗಾಯ ತೊಳೆದು ಬಟ್ಟೆ ಕಟ್ಟಿ, ಚಾಕುವನ್ನು ಮತ್ತೆ ನನ್ನ ಕೈಗೇ ಕೊಟ್ಟರು. ಹೊರಬಂದ ತಂತಿಗೆ ರಬ್ಬರಿನ ಚೂರು ಅಂಟಿರುತ್ತದೆ. ಸ್ಯಾಂಡ್ ಪೇಪರ್ ಹಾಕಿ ಹೊಳೆಯುವ ತನಕ ತಿಕ್ಕಬೇಕು. ಸ್ವಲ್ಪ ರಬ್ಬರ್ ಉಳಿದರೂ ನಾದ ಮೊಂಡಾಗುತ್ತದೆ.

"ಅಂಗಡಿಯಲ್ಲಿ ತಯಾರಾದದ್ದೇ ಸಿಗುತ್ತದಲ್ವಾ ಮೆಸ್ತ್ರಿ?" ಅಂತ ಆ ಎರಡನೇ ಸಂಜೆ ಕೇಳಿದ್ದೆ. ಸಿಗುತ್ತದೆ. ಮೆರ್ಕಾದು ಮೊದೇಲು ಅನ್ನೋ ದೊಡ್ಡ ಮಾರುಕಟ್ಟೆಯಲ್ಲಿ ಪ್ರವಾಸಿಗಳಿಗಾಗಿ ಬಣ್ಣ ಬಳಿದ ಬೆರಿಂಬಾವ್ ರಾಶಿ ರಾಶಿ ತೂಗುಹಾಕಿರುತ್ತಾರೆ. ಮೆಸ್ತ್ರಿ ಅದಕ್ಕೆ ಬೇಸರ ಮಾಡಿಕೊಳ್ಳಲಿಲ್ಲ. ಅವರ ಗುರುಗಳು ಹೇಳುತ್ತಿದ್ದ ಮಾತನ್ನು ಹೇಳಿದರು. ಪೊಲೀಸರು ರೋದಾಕ್ಕೆ ನುಗ್ಗಿ ವಾದ್ಯ ಮುರಿದು ಹಾಕುತ್ತಿದ್ದ ಕಾಲವಂತೆ. ಮಾಡಲು ಗೊತ್ತಿದ್ದವರು ಮುಂದಿನ ವಾರವೇ ಹೊಸದು ಕಟ್ಟಿಕೊಂಡು ಬರುತ್ತಿದ್ದರಂತೆ. ಗೊತ್ತಿಲ್ಲದವರ ಬೀದಿಯಲ್ಲಿ ರೋದಾ ನಿಂತೇ ಹೋಗುತ್ತಿತ್ತಂತೆ.

ಅದು ಸುಮ್ನೆ ಹೇಳಿದ ಮಾತಲ್ಲ. ಬ್ರೆಜಿಲಿಗೆ ಆಫ್ರಿಕಾದಿಂದ ಗುಲಾಮರಾಗಿ ಬಂದಿಳಿದವರು ಸುಮಾರು 48 ಲಕ್ಷ ಜನ. ಬೇರೆ ಯಾವ ದೇಶಕ್ಕೂ ಅಷ್ಟು ಜನರನ್ನು ಸಾಗಿಸಲಿಲ್ಲ. ಗುಲಾಮಗಿರಿ ಕಾನೂನಿನ ಪ್ರಕಾರ ಕೊನೆಯಾದದ್ದು 1888ರ ಮೇ 13ರಂದು. ಅದಾಗಿ ಎರಡೂವರೆ ವರ್ಷ ತುಂಬುವ ಮೊದಲೇ, 1890ರಲ್ಲಿ, ಹೊಸ ದಂಡ ಸಂಹಿತೆ ಬಂತು. ಬೀದಿಯಲ್ಲಿ ಕಪೋಯೆರಾ ಆಡಿದವರಿಗೆ ಎರಡರಿಂದ ಆರು ತಿಂಗಳು ಜೈಲು ಅಂತ ಅದರ 402ನೇ ಕಲಮು. ಬಿಡುಗಡೆಯಾದ ಜನರ ಕೈಗೆ ನೆಲ ಬರಲಿಲ್ಲ, ಕೂಲಿ ಬರಲಿಲ್ಲ. ಅವರ ಆಟ ಮಾತ್ರ ಅಪರಾಧವಾಯಿತು. 1920ರ ದಶಕದಲ್ಲಿ ಸಾಲ್ವಡಾರಿನಲ್ಲಿ ಕುದುರೆ ಪೊಲೀಸರು ಕಪೋಯೆರಾ, ಕಂದೊಂಬ್ಲೆ ಎರಡರ ಮೇಲೂ ದಾಳಿ ಮಾಡುತ್ತಿದ್ದರು. ಕಂದೊಂಬ್ಲೆ ಅಂದರೆ ಆಫ್ರಿಕಾದಿಂದ ಬಂದ ದೈವಗಳ ಆರಾಧನೆ. ಬೆರಿಂಬಾವಿನಲ್ಲಿ ಕವಲಾರಿಯ ಅನ್ನೋ ಒಂದು ನುಡಿಸಾಟವಿದೆ. ಕುದುರೆ ಓಡುವ ಗೊರಸಿನ ಲಯ. ಪೊಲೀಸರು ಬರುತ್ತಿದ್ದಾರೆ ಅಂತ ಎಚ್ಚರಿಸಲು ಅದನ್ನು ನುಡಿಸುತ್ತಿದ್ದರು. ಮೆಸ್ತ್ರಿ ಅದನ್ನು ನನಗೆ ಒಂದೇ ಸಲ ನುಡಿಸಿ ತೋರಿಸಿದರು. ಹೊರಗಡೆ ಮಕ್ಕಳು ಆಡುತ್ತಿದ್ದ ಸದ್ದೂ ಆ ಹೊತ್ತಿಗೆ ನನಗೆ ಕೇಳಿಸಲಿಲ್ಲ.

ತಂತಿಯ ನಂತರ ಕೋಲು. ಅದು ಬಿರಿಬಾ ಅನ್ನೋ ಮರದ ಎಳೆಯ, ನೆಟ್ಟಗಿನ ಕಾಂಡ. ಒಂದೂವರೆ ಮೀಟರಿನಷ್ಟು ಉದ್ದ. ಬಾಗಬೇಕು, ಆದರೆ ಬಿಟ್ಟ ಕೂಡಲೇ ಹಿಂದಕ್ಕೆ ಬರಬೇಕು. ಕಾಡಿನಿಂದ ತರುವವರು ಒಬ್ಬರಿದ್ದರು. ಹುಣ್ಣಿಮೆ ಕಳೆದು ಚಂದ್ರ ಸವೆಯುವ ದಿನಗಳಲ್ಲೇ ಕಡಿಯಬೇಕು, ಇಲ್ಲದಿದ್ದರೆ ಹುಳು ಹಿಡಿಯುತ್ತದೆ ಅಂದರು ಅವರು. ನನ್ನ ಮೈ ಜುಮ್ ಅಂತು. ನಮ್ಮ ಅಜ್ಜ ಬಿದಿರು ಕಡಿಸುವಾಗ ಹೇಳುತ್ತಿದ್ದ ಮಾತು ಅಕ್ಷರಕ್ಕೆ ಅಕ್ಷರ ಇದೇ. ಕೃಷ್ಣಪಕ್ಷದಲ್ಲಿ ಕಡಿ, ಒರಲೆ ಮುಟ್ಟಲ್ಲ. ಈಗ ಒಳ್ಳೆ ಬಿರಿಬಾ ಸಿಗುವುದು ಕಷ್ಟ. ಕರಾವಳಿಯ ಕಾಡೇ ಕರಗಿದೆ. ಬ್ರೆಜಿಲಿನ ಪರಂಪರೆ ಇಲಾಖೆ 2008ರಲ್ಲಿ ಕಪೋಯೆರಾದ ರೋದಾವನ್ನೂ ಮೆಸ್ತ್ರಿಗಳ ವೃತ್ತಿಯನ್ನೂ ರಾಷ್ಟ್ರೀಯ ಪರಂಪರೆ ಅಂತ ದಾಖಲಿಸಿತು. ಆಗ ಮಾಡಿದ ಶಿಫಾರಸುಗಳಲ್ಲಿ ಬಿರಿಬಾ ಮರದ ರಕ್ಷಣೆಯೂ ಒಂದು. ಕಲೆ ಉಳಿಯಬೇಕಾದರೆ ಮೊದಲು ಮರ ಉಳಿಯಬೇಕು ಅನ್ನುವುದನ್ನು ಕೋಲು ಕೈಯಲ್ಲಿ ಹಿಡಿದಾಗ ಬೇರೆ ಯಾರೂ ಬಿಡಿಸಿ ಹೇಳಬೇಕಾಗಿಲ್ಲ.

ತೊಗಟೆ ಸುಲಿಯಲು ಒಂದು ಇಡೀ ಬೆಳಿಗ್ಗೆ ಹೋಯಿತು. ಗಾಜಿನ ಚೂರಿನಿಂದ ಹೆರೆದು ನುಣುಪು ಮಾಡಿದೆ. ಒಂದು ತುದಿಯಲ್ಲಿ ತಂತಿಯ ಕುಣಿಕೆ ಕೂರಲು ಸಣ್ಣ ಮೊಳೆಯಂಥ ಮೂತಿ ಕೆತ್ತಬೇಕು. ಇನ್ನೊಂದು ತುದಿಗೆ ದಪ್ಪ ತೊಗಲಿನ ಬಿಲ್ಲೆ ಬಡಿಯಬೇಕು, ತಂತಿ ಮರವನ್ನು ಸೀಳದ ಹಾಗೆ. ಮೂತಿ ಕೆತ್ತುವಾಗ ಮೆಸ್ತ್ರಿ ಪಕ್ಕದಲ್ಲೇ ಕೂತಿದ್ದರು. ಮಾತಾಡಲಿಲ್ಲ. ನಾನು ಜಾಸ್ತಿ ಕೆತ್ತಲು ಹೊರಟಾಗ ಗಂಟಲು ಸರಿಮಾಡಿಕೊಂಡರು. ನಿಲ್ಲಿಸಿದೆ. ಅವರು ಕಲಿಸುವ ರೀತಿಯೇ ಅದು. ಮೂವತ್ತು ವರ್ಷ ಗಾರೆ ಕೆಲಸದ ಹುಡುಗರನ್ನು ಹೀಗೇ ಕಲಿಸಿರಬೇಕು.

ಬುರುಡೆ ತರಲು ಸಾಂವ್ ಜುವಾಕಿಂ ಸಂತೆಗೆ ಹೋದೆ. ಸಮುದ್ರದ ದಂಡೆಯ ದೊಡ್ಡ ಸಂತೆ. ಒಣಸಿಗಡಿ, ದೆಂದೆ ಅನ್ನೋ ಕೆಂಪು ತಾಳೆ ಎಣ್ಣೆ, ಕಂದೊಂಬ್ಲೆಯ ಪೂಜೆ ಸಾಮಾನು, ಮಡಕೆ, ಮೇಕೆ, ಎಲ್ಲ ಒಂದೇ ಓಣಿಯಲ್ಲಿ. ಬುರುಡೆ ಅಂದರೆ ನಮ್ಮ ಸೋರೆ ಬುರುಡೆಯೇ. ಏಕತಾರಿಗೆ ಕಟ್ಟುತ್ತಾರಲ್ವಾ, ಅದೇ ಬಳ್ಳಿಯ ಕಾಯಿ. ಅಲ್ಲಿ ಕಬಾಸ ಅನ್ನುತ್ತಾರೆ. ಅಲುಗಾಡಿಸಿ ನೋಡು ಅಂದಿದ್ದರು ಮೆಸ್ತ್ರಿ. ಒಳಗೆ ಬೀಜ ಗಲಗಲ ಅಂದರೆ ಪೂರ್ತಿ ಒಣಗಿದೆ. ಬೆರಳಲ್ಲಿ ಕುಟ್ಟಿದರೆ ಒಣ ತೆಂಗಿನ ಚಿಪ್ಪಿನ ಸದ್ದು ಬರಬೇಕು. ಅರ್ಧ ಗಂಟೆ ಕುಟ್ಟಿ ಕುಟ್ಟಿ ಒಂದನ್ನು ಆರಿಸಿದೆ. ವಾಪಸ್ ಬರುವಾಗ ಅಕರಜೆ ತಿಂದೆ. ಅಲಸಂದೆ ಕಾಳನ್ನು ಸಿಪ್ಪೆ ತೆಗೆದು ರುಬ್ಬಿ ದೆಂದೆ ಎಣ್ಣೆಯಲ್ಲಿ ಕರಿದ ವಡೆ. ಪಶ್ಚಿಮ ಆಫ್ರಿಕಾದ ಅಕಾರಾ ಸಮುದ್ರ ದಾಟಿ ಅಕರಜೆಯಾಗಿದೆ. ಬಿಳಿ ಬಟ್ಟೆ ಉಟ್ಟು ಬೀದಿಬದಿ ಅದನ್ನು ಕರಿದು ಮಾರುವ ಹೆಂಗಸರ ವೃತ್ತಿಯನ್ನೂ 2005ರಲ್ಲಿ ಪರಂಪರೆ ಅಂತ ದಾಖಲಿಸಿದ್ದಾರೆ.

ಆ ಬುರುಡೆಯನ್ನು ನಾನು ಒಡೆದೆ. ಬಾಯಿ ಕೊಯ್ದು, ತಿರುಳು ಕೆರೆದು, ಒಳಗೆಲ್ಲ ಉಜ್ಜಿ ಆಗಿತ್ತು. ಹಿಂಬದಿಗೆ ದಾರ ಪೋಣಿಸಲು ಎರಡು ತೂತು ಹಾಕುವಾಗ ಅವಸರ ಮಾಡಿದೆ. ಬಿರುಕು ಬಾಯಿಯ ತನಕ ಓಡಿತು. ಮೂರು ದಿನದ ಕೆಲಸ. ಕಣ್ಣಲ್ಲಿ ನೀರು ಬಂತು. ಮೆಸ್ತ್ರಿ ಅದನ್ನು ತಿರುಗಿಸಿ ನೋಡಿ, ಬಿರುಕಿನ ಗುಂಟ ಪೂರ್ತಿ ಕೊಯ್ದು, ಮಕ್ಕಳಿಗೆ ನೀರು ಕುಡಿಯಲು ಎರಡು ಚಿಪ್ಪು ಮಾಡಿದರು. "ಸಂತೆ ನಾಳೆಯೂ ಇರುತ್ತದೆ ಮಗಳೇ" ಅಂದರು. ಮರುದಿನ ಮತ್ತೆ ಹೋದೆ. ಎರಡನೇ ಬುರುಡೆಗೆ ತೂತು ಹಾಕಲು ಒಂದು ಗಂಟೆ ತೆಗೆದುಕೊಂಡೆ.

ಬಿಲ್ಲು ಕಟ್ಟುವುದಕ್ಕೆ ಅಲ್ಲಿ ‘ಅರ್ಮಾರ್’ ಅನ್ನುತ್ತಾರೆ, ಆಯುಧ ಸಜ್ಜು ಮಾಡುವುದಕ್ಕೆ ಹೇಳುವ ಪದವೇ. ಕುಣಿಕೆಯನ್ನು ಮೂತಿಗೆ ಸಿಕ್ಕಿಸಿ, ಕೋಲನ್ನು ನೆಲಕ್ಕೆ ಊರಿ, ಮಂಡಿಯಿಂದ ಒತ್ತಿ ಬಾಗಿಸಿ, ಇನ್ನೊಂದು ಕೈಯಲ್ಲಿ ತಂತಿಯನ್ನು ತೊಗಲಿನ ಮೇಲಿಂದ ಎಳೆದು ದಾರದಿಂದ ಬಿಗಿಯಬೇಕು. ಮೂರು ಕೈ ಬೇಕು ಅನಿಸುತ್ತದೆ. ಆರನೇ ಸಲಕ್ಕೆ ನಿಂತಿತು. ಬುರುಡೆಯ ದಾರವನ್ನು ಕೋಲಿಗೂ ತಂತಿಗೂ ಸೇರಿಸಿ, ಬುಡದಿಂದ ಒಂದು ಗೇಣಿನಷ್ಟು ಮೇಲಕ್ಕೆ ಸರಿಸಿದೆ. ನುಡಿಸುವಾಗ ತಂತಿಗೆ ಒತ್ತಲು ಮೆಸ್ತ್ರಿ ಜೇಬಿನಿಂದ ಒಂದು ನುಣುಪಾದ ಕಲ್ಲು ತೆಗೆದು ತೋರಿಸಿದರು. ಮೊದಲೆಲ್ಲ ದೋಬ್ರಾಂವ್ ಅನ್ನೋ ಹಳೇ ತಾಮ್ರದ ನಾಣ್ಯ ಬಳಸುತ್ತಿದ್ದರು. ಈಗ ಜಾಸ್ತಿ ಕಲ್ಲು.

ಆ ಕಲ್ಲನ್ನು ಒಂದು ತಿಂಗಳು ಹಿಡಿಯಲು ಬಿಡಲಿಲ್ಲ. ಬರೀ ಎತ್ತಿ ಹಿಡಿದು ನಿಲ್ಲು ಅಂದರು. ಬಿಲ್ಲು, ಬುರುಡೆ ಎರಡರ ಭಾರವೂ ಎಡಗೈಯ ಕಿರುಬೆರಳ ಮೇಲೆ ಬೀಳುತ್ತದೆ. ದಾರದ ಕುಣಿಕೆಯೊಳಗೆ ಕಿರುಬೆರಳು, ಉಳಿದ ಬೆರಳು ಕೋಲಿನ ಸುತ್ತ. ಎರಡು ನಿಮಿಷಕ್ಕೆ ಬೆರಳು ಉರಿಯುತ್ತದೆ. ಆಮೇಲೆ ಮರಗಟ್ಟುತ್ತದೆ. ಒಂದು ದಿನ ಅಲ್ಲೇ ಗಟ್ಟಿ ಚರ್ಮ ಬಂದಿರುತ್ತದೆ. ಆಗ ಕಲ್ಲು ಸಿಕ್ಕಿತು. ಬಲಗೈಯಲ್ಲಿ ತೆಳು ಕಡ್ಡಿ, ಅದೇ ಕೈಯ ಬೆರಳಿಗೆ ಕಶಿಶಿ ಅನ್ನೋ ಪುಟ್ಟ ಬುಟ್ಟಿ ಗಿಲಕಿ. ನಾದ ಮೂರೇ. ಕಲ್ಲು ಮುಟ್ಟಿಸದೆ ಹೊಡೆದರೆ ತಗ್ಗಿನ ನಾದ. ಒತ್ತಿ ಹಿಡಿದು ಹೊಡೆದರೆ ಮೇಲಿನ ನಾದ. ಸಡಿಲವಾಗಿ ತಾಗಿಸಿದರೆ ಜೇನುನೊಣದ ಹಾಗೆ ಒಂದು ಝೇಂಕಾರ. ಇವುಗಳಿಂದಲೇ ಎಲ್ಲ. ಬುರುಡೆಯ ಬಾಯನ್ನು ಹೊಟ್ಟೆಗೆ ಒತ್ತಿ ಬಿಟ್ಟರೆ ನಾದ ಬಾಯಿ ತೆರೆದು ಮುಚ್ಚುತ್ತದೆ. ನಮ್ಮ ಮನೆ ಕಿಟಕಿಯಲ್ಲಿ ಕೇಳಿದ ಮಾತು ಅದೇ ಆಗಿತ್ತು.

ರೋದಾದಲ್ಲಿ ಮೂರು ಬೆರಿಂಬಾವ್ ಇರುತ್ತವೆ. ದೊಡ್ಡ ಬುರುಡೆಯ ಗುಂಗಾ, ನಡುವಿನ ಮೆದಿಯು, ಚಿಕ್ಕ ವಿಯೋಲಾ. ಜತೆಗೆ ಎರಡು ಪಂದೇರು, ಅಂದರೆ ನಮ್ಮ ಖಂಜಿರದಂಥದ್ದು. ಅಗೋಗೋ ಅನ್ನೋ ಒಂದು ಜೋಡಿ ಗಂಟೆ, ರೆಕೊ-ರೆಕೊ ಅನ್ನೋ ಕಡ್ಡಿಯಿಂದ ಉಜ್ಜುವ ಒಂದು ವಾದ್ಯ, ಒಂದು ಅತಾಬಾಕಿ ಡೋಲು. ಗುಂಗಾ ಹಿಡಿದವರ ಮಾತೇ ಕೊನೆ. ಅದು ಕರೆದರೆ ಆಟ ನಿಲ್ಲಬೇಕು. ಎಷ್ಟೇ ಬಲಶಾಲಿಯಾದ ಯುವಕನಾದರೂ ಬಂದು ಬಿಲ್ಲಿನ ಬುಡದಲ್ಲಿ ಕುಕ್ಕರುಗಾಲಲ್ಲಿ ಕೂರಬೇಕು.

ಸಂಜೆ ಕೆಲಸ ಮುಗಿದ ಮೇಲೆ ಮೆಸ್ತ್ರಿ ಪಾಸ್ತಿನ್ಯಾನ ಕಥೆ ಹೇಳುತ್ತಿದ್ದರು. ವಿಸೆಂತಿ ಫೆರೇರಾ ಪಾಸ್ತಿನ್ಯಾ, 1889ರಲ್ಲಿ ಹುಟ್ಟಿದವರು. ಚಿಕ್ಕವರಿದ್ದಾಗ ತಮಗಿಂತ ದೊಡ್ಡ ಹುಡುಗನೊಬ್ಬನ ಕೈಯಲ್ಲಿ ದಿನಾ ಏಟು ತಿನ್ನುತ್ತಿದ್ದರಂತೆ. ಕಿಟಕಿಯಿಂದ ಇದನ್ನು ನೋಡುತ್ತಿದ್ದ ಬೆನೆದಿತು ಅನ್ನೋ ಆಫ್ರಿಕಾದ ಮುದುಕ, ಬಾ ಇಲ್ಲಿ ಅಂತ ಕರೆದು ಕಪೋಯೆರಾ ಕಲಿಸಿದನಂತೆ. ಇದನ್ನು ಪಾಸ್ತಿನ್ಯಾ ಅವರೇ ಹೇಳಿಕೊಂಡಿದ್ದಾರೆ. "ನೀನೂ ಕಿಟಕಿಯಿಂದ ಬಂದವಳೇ" ಅನ್ನುತ್ತಿದ್ದರು ನಮ್ಮ ಮೆಸ್ತ್ರಿ. 1941ರಲ್ಲಿ ಪಾಸ್ತಿನ್ಯಾ ಅಂಗೋಲಾ ಬಗೆಯ ಕಪೋಯೆರಾಕ್ಕೆ ಒಂದು ಶಾಲೆ ಕಟ್ಟಿದರು. ಹಳದಿ ಅಂಗಿ, ಕಪ್ಪು ಪ್ಯಾಂಟು ಅದರ ಗುರುತು. ಆಮೇಲೆ ಅದು ನಡೆದದ್ದು ಪೆಲೋರಿನ್ಯುವಿನಲ್ಲಿ. ಆ ಹೆಸರಿನ ಅರ್ಥ ಛಡಿಯೇಟಿನ ಕಂಬ. ಗುಲಾಮರನ್ನು ಕಟ್ಟಿ ಹೊಡೆಯುತ್ತಿದ್ದ ಜಾಗದ ಹೆಸರೇ ಬಡಾವಣೆಗೆ ಉಳಿದಿದೆ. 1966ರಲ್ಲಿ ಸೆನೆಗಲ್ಲಿನ ಡಾಕಾರಿನಲ್ಲಿ ಕಪ್ಪು ಜನರ ಕಲೆಗಳ ಮೊದಲ ವಿಶ್ವ ಉತ್ಸವ ನಡೆದಾಗ ಅವರು ತಂಡದ ಜತೆ ಹೋಗಿದ್ದರು. ಆಮೇಲೆ 1970ರ ದಶಕದಲ್ಲಿ ರಿಪೇರಿ ಹೆಸರಲ್ಲಿ ಅವರ ಶಾಲೆಯ ಜಾಗ ಹೋಯಿತು. ಮತ್ತೆ ಸಿಗಲಿಲ್ಲ. ಕಣ್ಣು ಕಾಣದೆ, ಕೈಯಲ್ಲಿ ಕಾಸಿಲ್ಲದೆ, 1981ರಲ್ಲಿ ತೀರಿಕೊಂಡರು. ಬಿಂಬಾ ಅವರ ಕಥೆಯೂ ಹಾಗೇ. ನೆಲೆ ಸಿಗುತ್ತದೆ ಅಂತ ಬಹಿಯಾ ಬಿಟ್ಟು ಗೊಯಾನಿಯಾಕ್ಕೆ ಹೋದವರು 1974ರಲ್ಲಿ ಅಲ್ಲೇ ಹೋದರು. ವಿಶ್ವವಿದ್ಯಾಲಯ ಗೌರವ ಡಾಕ್ಟರೇಟ್ ಕೊಟ್ಟದ್ದು 1996ರಲ್ಲಿ, ಸತ್ತು ಇಪ್ಪತ್ತೆರಡು ವರ್ಷಕ್ಕೆ.

ನಮ್ಮ ಮೆಸ್ತ್ರಿ ಇದನ್ನು ಹೇಳುವಾಗ ದನಿ ಏರಿಸುತ್ತಿರಲಿಲ್ಲ. ನನಗೆ ಮಾತ್ರ ಹೊಟ್ಟೆ ಉರಿಯುತ್ತಿತ್ತು. ಯುನೆಸ್ಕೋ 2014ರಲ್ಲಿ ರೋದಾವನ್ನು ಮನುಕುಲದ ಪರಂಪರೆ ಅಂದಿತು. ಒಳ್ಳೆಯದೇ. ಆದರೆ ಆ ಪರಂಪರೆಯನ್ನು ಮೈಯಲ್ಲಿ ಹೊತ್ತ ಮುದುಕರು ಕೋಣೆಯ ಬಾಡಿಗೆಗೆ ಪರದಾಡುತ್ತಿದ್ದಾರೆ. ನಮ್ಮ ಮೆಸ್ತ್ರಿ ಬದುಕುವುದು ಗಾರೆ ಕೆಲಸದ ಪಿಂಚಣಿಯಲ್ಲಿ. ಬೀದಿಯ ಮಕ್ಕಳಿಗೆ ವಾರಕ್ಕೆ ನಾಲ್ಕು ಸಂಜೆ ಪುಕ್ಕಟೆ ಪಾಠ. ಒಂದು ಕಚೇರಿಯಿಂದ ಬರಬೇಕಿದ್ದ ಸಣ್ಣ ನೆರವಿಗಾಗಿ ಅವರ ಜತೆ ನಾನೂ ಮೂರು ಸಲ ಹೋಗಿ ಬಂದೆ. ಪ್ರತಿ ಸಲ ಒಂದು ಹೊಸ ಕಾಗದ ಕೇಳಿದರು. ಕಲಿತದ್ದಕ್ಕೆ ಸರ್ಟಿಫಿಕೇಟ್ ಬೇಕಂತೆ. ಅವರ ಗುರುವಿಗೆ ಓದು ಬರಹ ಬರುತ್ತಿರಲಿಲ್ಲ.

ನಾನು ಯಲ್ಲಾಪುರದ ಕಡೆಯವಳು. ಒಂದು ಸಂಜೆ ಅವರಿಗೆ ನಮ್ಮ ಸಿದ್ದಿಗಳ ಬಗ್ಗೆ ಹೇಳಿದೆ. ಪೋರ್ಚುಗೀಸರು, ಅರಬ್ಬರು ಆಫ್ರಿಕಾದಿಂದ ಹಿಡಿದು ತಂದ ಜನರ ಮಕ್ಕಳು ಮೊಮ್ಮಕ್ಕಳು. ಗೋವೆಯಿಂದ ತಪ್ಪಿಸಿಕೊಂಡು ಬಂದವರು ನಮ್ಮ ಯಲ್ಲಾಪುರ, ಹಳಿಯಾಳ, ಮುಂಡಗೋಡಿನ ಕಾಡು ಸೇರಿದರು. ಪರಿಶಿಷ್ಟ ಪಂಗಡದ ಪಟ್ಟಿಗೆ ಅವರ ಹೆಸರು ಸೇರಿದ್ದು 2003ರಲ್ಲಿ. ಫೋನಿನಲ್ಲಿ ಡಮಾಮಿ ಡೋಲಿನ ಕುಣಿತದ ವಿಡಿಯೋ ತೋರಿಸಿದೆ. ಮೆಸ್ತ್ರಿ ಕಣ್ಣು ಮುಚ್ಚಿ ಕೇಳಿದರು. ಬೆರಳು ಬೆಂಚಿನ ಮೇಲೆ ಕುಟ್ಟುತ್ತಿತ್ತು. ಮತ್ತೆ ಹಾಕು ಅಂದರು. ಮತ್ತೆ. "ತಪ್ಪಿಸಿಕೊಂಡು ಕಾಡು ಸೇರಿದರು ಅಂದೆಯಲ್ಲ, ನಮ್ಮಲ್ಲಿ ಅದಕ್ಕೆ ಕಿಲೋಂಬು ಅನ್ನುತ್ತೇವೆ" ಅಂದರು. ಪಾಲ್ಮಾರಿಸ್ ಅನ್ನೋ ದೊಡ್ಡ ಕಿಲೋಂಬು 17ನೇ ಶತಮಾನದ ಬಹುಕಾಲ ಸೈನ್ಯಗಳನ್ನು ಎದುರಿಸಿ ನಿಂತಿತ್ತು. ಅದರ ನಾಯಕ ಜುಂಬಿಯನ್ನು ಕೊಂದದ್ದು 1695ರ ನವೆಂಬರ್ 20ರಂದು. ಆ ದಿನ 2024ರಿಂದ ಇಡೀ ಬ್ರೆಜಿಲಿಗೆ ರಜೆ.

ಆಮೇಲೆ ಕೇಳಿದರು, "ಈ ಡೋಲನ್ನು ಹೇಗೆ ಮಾಡುತ್ತಾರೆ? ಯಾವ ಮರ? ಯಾವ ಚರ್ಮ? ಯಾರು ಕಲಿಸುತ್ತಾರೆ?"

ನನ್ನಲ್ಲಿ ಉತ್ತರ ಇರಲಿಲ್ಲ. ಪ್ರಾಥಮಿಕ ಶಾಲೆಯಲ್ಲಿ ಐದು ವರ್ಷ ನನ್ನ ಪಕ್ಕ ಕೂತ ಹುಡುಗಿ ಸಿದ್ದಿ. ಅವಳ ಮನೆಗೆ ಹೋಗಿದ್ದೇನೆ. ಮೂಲೆಯಲ್ಲಿ ಡೋಲು ನೇತಾಡುತ್ತಿದ್ದುದು ಕಣ್ಣಿಗೆ ಕಟ್ಟಿದ ಹಾಗಿದೆ. ಒಂದು ಸಲವೂ ಕೇಳಿರಲಿಲ್ಲ. ಅವತ್ತು ರಾತ್ರಿ ನಿದ್ದೆ ಬರಲಿಲ್ಲ.

ಹತ್ತನೇ ತಿಂಗಳಲ್ಲಿ ರೋದಾದೊಳಗೆ ಆಡಲು ಕರೆದರು. ಇಬ್ಬರೂ ಗುಂಗಾದ ಬುಡದಲ್ಲಿ ಕುಕ್ಕರುಗಾಲಲ್ಲಿ ಕೂರಬೇಕು. ಮೆಸ್ತ್ರಿ ‘ಇಯೇ’ ಅಂತ ಕೂಗಿ ಲದಾಯಿನ್ಯಾ ಹಾಡಿದರು. ಒಬ್ಬರೇ ಹಾಡುವ ಉದ್ದನೆಯ ಹಾಡು ಅದು. ಆ ಹೊತ್ತಿನಲ್ಲಿ ಯಾರೂ ಆಡುವಂತಿಲ್ಲ. ಕೇಳಬೇಕು. ನಂತರ ಎಲ್ಲರೂ ದನಿಗೂಡಿಸುವ ಹಾಡು ಶುರುವಾದ ಮೇಲೆ ಒಳಗೆ. ನನ್ನ ಎದುರು ಹನ್ನೆರಡು ವರ್ಷದ ಹುಡುಗ. ಪಕ್ಕದ ಬೀದಿಯವನು. ಅವನು ಎದ್ದು ನಿಂತು ಕೈ ಚಾಚಿದ. ಇದಕ್ಕೆ ಶಮಾದಾ ಅನ್ನುತ್ತಾರೆ, ಕರೆ. ಕರೆದಾಗ ಹತ್ತಿರ ಹೋಗಲೇಬೇಕು, ಆದರೆ ಹುಷಾರಾಗಿ, ಅವನ ಕಾಲು, ಮಂಡಿ, ತಲೆ ಮೂರನ್ನೂ ಗಮನಿಸುತ್ತಾ. ಅಂಗೈಗೆ ಅಂಗೈ ತಾಗಿಸಿ ನಾಲ್ಕು ಹೆಜ್ಜೆ ಮುಂದೆ, ನಾಲ್ಕು ಹಿಂದೆ ನಡೆದೆವು. ಅವನ ಮುಖದಲ್ಲಿ ಚೆಂದದ ನಗು. ನಾನೂ ನಕ್ಕೆ. ಬಿಡಿಸಿಕೊಳ್ಳುವ ಹೊತ್ತಿಗೆ ಅವನ ಪಾದ ನನ್ನ ಹಿಮ್ಮಡಿಯ ಹಿಂದೆ ಬಂದಿತ್ತು. ನೆಲಕ್ಕೆ ಬಿದ್ದೆ. ತಲೆ ಬಡಿಯಲಿಲ್ಲ, ಅವನ ಅಂಗೈ ಮೊದಲೇ ಅಲ್ಲಿತ್ತು.

ಬೀಳಿಸಲು ಕಲಿಸಿದವರೇ ತಲೆಯ ಕೆಳಗೆ ಕೈ ಇಡುವುದನ್ನೂ ಕಲಿಸಿದ್ದರು. ಹನ್ನೆರಡು ವರ್ಷದ ಹುಡುಗನ ಮೈಗೆ ಅದು ಯೋಚನೆ ಇಲ್ಲದೆ ಬರುವಷ್ಟು. ಮೆಸ್ತ್ರಿ ಏನನ್ನು ಉಳಿಸುತ್ತಿದ್ದಾರೆ ಅಂತ ಯಾರಾದರೂ ಕೇಳಿದರೆ ನಾನು ಆ ಅಂಗೈ ಬಗ್ಗೆ ಹೇಳುತ್ತೇನೆ.

ಹೊರಡುವ ಮುಂಚಿನ ಶನಿವಾರ ನನಗೆ ಬೆಂಚಿನಲ್ಲಿ ಜಾಗ ಕೊಟ್ಟರು. ನನ್ನದೇ ಬೆರಿಂಬಾವ್, ಮೆದಿಯುವಿನ ಪಾಳಿ. ಇಪ್ಪತ್ತು ನಿಮಿಷ ನುಡಿಸಿದೆ. ಆಮೇಲೆ ಅದನ್ನು ಬಿಚ್ಚಿ, ಗೋಡೆಗೆ ಒರಗಿಸಿ ಬಂದೆ. ಅಲ್ಲಿನ ಮಕ್ಕಳಿಗೆ ವಾದ್ಯ ಸಾಲದು. "ಹೇಗೆ ಮಾಡುವುದು ಅಂತ ಗೊತ್ತಿದೆಯಲ್ಲ" ಅಂದರು ಮೆಸ್ತ್ರಿ.

ಈಗ ಯಲ್ಲಾಪುರದಲ್ಲಿದ್ದೇನೆ. ಶಾಲೆಯ ಆ ಗೆಳತಿಯ ಮನೆಗೆ ಹೋಗಿದ್ದೆ. ಅವಳ ಚಿಕ್ಕಪ್ಪ ಡಮಾಮಿಯನ್ನು ಕೆಳಗಿಳಿಸಿ, ಚರ್ಮ ಬಿಗಿಯುವುದನ್ನು ಒಂದು ಇಡೀ ಮಧ್ಯಾಹ್ನ ತೋರಿಸಿದರು. ಆ ವಿಡಿಯೋವನ್ನು ಸಾಲ್ವಡಾರಿಗೆ ಕಳಿಸಿದೆ. ಬಿರಿಬಾ ಇಲ್ಲಿ ಇಲ್ಲ, ಬಿದಿರಿನಲ್ಲಿ ನೋಡುತ್ತಿದ್ದೇನೆ. ಟೈರು ಬಸ್ ಸ್ಟ್ಯಾಂಡ್ ಹತ್ತಿರದ ಪಂಕ್ಚರ್ ಅಂಗಡಿಯಲ್ಲಿ ಸಿಕ್ಕಿತು. ನಮ್ಮ ಅತ್ತೆ ಅಟ್ಟದ ಮೇಲೆ ಬೀಜಕ್ಕೆ ಇಟ್ಟಿದ್ದ ಸೋರೆ ಬುರುಡೆ ಕೊಟ್ಟರು. ಕಳೆದ ಭಾನುವಾರ ಬಿಲ್ಲು ಕಟ್ಟಿ, ಅರ್ಧ ನಿಮಿಷ ನುಡಿಸಿ, ವಾಟ್ಸ್ಆ್ಯಪ್‌ನಲ್ಲಿ ಮೆಸ್ತ್ರಿಗೆ ಕಳಿಸಿದೆ. ಅಲ್ಲಿ ಆಗ ಬೆಳಗಿನ ಜಾವ. ಮೂರು ಗಂಟೆ ಬಿಟ್ಟು ಉತ್ತರ ಬಂತು, ಅವರದೇ ದನಿಯಲ್ಲಿ.

"ತಂತಿ ಸಡಿಲ ಇದೆ ಮಗಳೇ. ಬಿಚ್ಚಿ ಮತ್ತೆ ಕಟ್ಟು."